88ನೇ ನಂಬರಿನ ನ್ಯಾಯಮೂರ್ತಿ

ಸಂಘದ ಅಧ್ಯಕ್ಷರೇ, ವೇದಿಕೆಯ ಮೇಲಿರುವ ಗೆಳೆಯರೇ, ಈ ವರ್ಷ ಹೈಸ್ಕೂಲು ಮುಗಿಸಿ ಈಗಷ್ಟೇ ಶಾಲು ಹೊದ್ದು ಕೂತಿರುವ ಮಕ್ಕಳೇ, ಅವರಿಗಿಂತ ಹೆಚ್ಚು ಸಡಗರದಲ್ಲಿರುವ ಅಪ್ಪ ಅಮ್ಮಂದಿರೇ,

ನನ್ನ ಪರಿಚಯ ಮಾಡಿಕೊಟ್ಟ ಗೆಳತಿ ಇವತ್ತಿನ ವಿಷಯವನ್ನು "ಫುಟ್‌ಬಾಲ್ ಆಟಗಾರನೊಬ್ಬ ಸುಪ್ರೀಂ ಕೋರ್ಟ್ ನ್ಯಾಯಮೂರ್ತಿಯಾದ ರೋಚಕ ಕಥೆ" ಅಂದರು. ನನ್ನ ತಕರಾರು ಅಲ್ಲಿಂದಲೇ ಶುರು. ಆ್ಯಲನ್ ಪೇಜ್ ಅವರ ಬಗ್ಗೆ ಅಮೆರಿಕದ ಈ ಮಿನ್ನೆಸೋಟ ರಾಜ್ಯದಲ್ಲಿ ಯಾರು ಮಾತೆತ್ತಿದರೂ ಇದೇ ಧಾಟಿ. ಅಬ್ಬಾ, ಅಷ್ಟು ದೊಡ್ಡ ಮೈಯವರಿಗೂ ಕಾನೂನು ತಲೆಗೆ ಹತ್ತಿತೇ ಎಂಬ ಸೋಜಿಗ ಆ ಹೊಗಳಿಕೆಯೊಳಗೆ ಅಡಗಿ ಕೂತಿರುತ್ತದೆ. ನಾನು ಹೇಳುವುದು ಉಲ್ಟಾ. ವಕೀಲನಾಗಬೇಕು ಅಂದುಕೊಂಡಿದ್ದ ಹುಡುಗನೊಬ್ಬ ನಡುವೆ ಹದಿನೈದು ವರ್ಷ ಅಮೆರಿಕದವರ, ಚೆಂಡು ಕೈಯಲ್ಲಿ ಹಿಡಿದು ಓಡುವ ಫುಟ್‌ಬಾಲ್ ಆಡಿ ಬಂದ, ಅಷ್ಟೇ. ಕಾನೂನು ಮೊದಲು, ಚೆಂಡು ಆಮೇಲೆ. ಇದನ್ನು ನೀವು ಒಪ್ಪಿಬಿಟ್ಟರೆ ನಾನು ಈಗಲೇ ಕೆಳಗಿಳಿಯಬಹುದು. ಆದರೆ ಮೈಕು ಕೈಗೆ ಕೊಟ್ಟಿದ್ದೀರಿ, ನಾನೂ ವಯಸ್ಸಾದವನು, ಬಿಡುವವನಲ್ಲ.

ಓಹಿಯೋ ರಾಜ್ಯದ ಕ್ಯಾಂಟನ್‌ನಲ್ಲಿ 1945ರ ಆಗಸ್ಟ್‌ನಲ್ಲಿ ಹುಟ್ಟಿದವರು ಪೇಜ್. ಅದು ಉಕ್ಕಿನ ಕಾರ್ಖಾನೆಗಳ ಊರು. ಅಪ್ಪ ಬಾರ್ ನಡೆಸುತ್ತಿದ್ದರು. ಅಮ್ಮ ತೀರಿಕೊಂಡಾಗ ಹುಡುಗನಿಗೆ ಹದಿಮೂರು. ಕಪ್ಪು ಹುಡುಗನೊಬ್ಬನಿಗೆ ಆ ಊರಲ್ಲಿ ಕಾಣುತ್ತಿದ್ದ ದಾರಿ ಒಂದೇ, ಕಾರ್ಖಾನೆಯ ಗೇಟು. ಬಿಸಿ, ಧೂಳು, ಅಪಾಯ, ಇಡೀ ಜನ್ಮ ಅದೇ ಕೆಲಸ. 1954ರಲ್ಲಿ, ಬಿಳಿಯರಿಗೊಂದು ಶಾಲೆ ಕಪ್ಪು ಮಕ್ಕಳಿಗೊಂದು ಶಾಲೆ ಅಂತ ಮಾಡುವುದು ಸಂವಿಧಾನಕ್ಕೆ ವಿರುದ್ಧ ಎಂದು ಬ್ರೌನ್ ಪ್ರಕರಣದಲ್ಲಿ ಅಮೆರಿಕದ ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟಾಗ ಈತ ಎಂಟೊಂಬತ್ತು ವರ್ಷದ ಹುಡುಗ. ಆ ಸುದ್ದಿ ತನ್ನ ಮನಸ್ಸಿನಲ್ಲಿ ನಿಂತಿತು, ಕಾನೂನಿಗೆ ಅಷ್ಟು ಶಕ್ತಿ ಇದೆ ಅಂತ ಆಗ ಅನ್ನಿಸಿತು ಎಂದು ಅವರೇ ಹಲವು ಸಲ ಹೇಳಿಕೊಂಡಿದ್ದಾರೆ. ಟಿವಿಯಲ್ಲಿ ಬರುತ್ತಿದ್ದ ವಕೀಲರ ಧಾರಾವಾಹಿಯ ಪ್ರಭಾವವೂ ಇತ್ತಂತೆ. ಇರಲಿ, ನಮ್ಮಲ್ಲೂ ಎಷ್ಟೋ ಜನ ಡಾಕ್ಟರಾದದ್ದು ರಾಜ್‌ಕುಮಾರ್ ಸ್ಟೆತಾಸ್ಕೋಪ್ ಹಾಕಿಕೊಂಡದ್ದನ್ನು ನೋಡಿಯೇ. ನಾನು ಒತ್ತಿ ಹೇಳುವುದು ಇಷ್ಟು: ಈ ಹುಡುಗನ ತಲೆಗೆ ವಕೀಲಿಕೆ ಹೊಕ್ಕಾಗ ಅವನು ಫುಟ್‌ಬಾಲ್ ಆಡುತ್ತಲೇ ಇರಲಿಲ್ಲ.

ಈಗ ನನಗೆ ತುಂಬ ಇಷ್ಟವಾದ ಪ್ರಸಂಗ. ಇದನ್ನು ನನ್ನಿಂದ ಮೊದಲೇ ಕೇಳಿದವರು ಇದ್ದೀರಿ, ಇನ್ನೊಮ್ಮೆ ಕೇಳಿ.

ಅಮೆರಿಕದ ವೃತ್ತಿಪರ ಫುಟ್‌ಬಾಲ್ ಲೀಗ್ ಹುಟ್ಟಿದ್ದು ಕ್ಯಾಂಟನ್‌ನಲ್ಲೇ, 1920ರಲ್ಲಿ, ಒಂದು ಕಾರಿನ ಷೋರೂಮಿನಲ್ಲಿ. ಇವತ್ತು ಸಾವಿರಾರು ಕೋಟಿಯ ವ್ಯವಹಾರ. ಅವತ್ತು ಮಾರಾಟಕ್ಕಿಟ್ಟ ಕಾರುಗಳ ನಡುವೆ ನಡೆದ ಸಭೆ. ಆ ಹೆಮ್ಮೆಯಿಂದ ಊರಿನವರು ಹಣ ಕೂಡಿಸಿ, ಶ್ರೇಷ್ಠ ಆಟಗಾರರ ಹೆಸರಿನ ಹಾಲ್ ಆಫ್ ಫೇಮ್ ಕಟ್ಟಡ ನಮ್ಮಲ್ಲೇ ಆಗಬೇಕು ಅಂತ ಹಟ ಹಿಡಿದು ಗೆದ್ದರು. 1962ರಲ್ಲಿ ಗುದ್ದಲಿ ಪೂಜೆ ಆಯಿತು (ಪೂಜೆ ನನ್ನ ಸೇರ್ಪಡೆ, ಗುದ್ದಲಿ ನಿಜ), 1963ರ ಸೆಪ್ಟೆಂಬರ್‌ನಲ್ಲಿ ಬಾಗಿಲು ತೆರೆಯಿತು. ಆ ಕಟ್ಟಡದ ಕೆಲಸಕ್ಕೆ ಸೇರಿಕೊಂಡವರಲ್ಲಿ ಹೈಸ್ಕೂಲು ಹುಡುಗ ಆ್ಯಲನ್ ಪೇಜ್ ಒಬ್ಬ. ಯೋಚಿಸಿ ನೋಡಿ. ಕೂಲಿ ಎಣಿಸಿಕೊಂಡು ಮನೆಗೆ ಹೋಗುವ ಹುಡುಗ. ತಾನು ಏಳಿಸುತ್ತಿರುವ ಗೋಡೆಯೊಳಗೆ ಮುಂದೆ ತನ್ನದೇ ಕಂಚಿನ ತಲೆ ಕೂರುತ್ತದೆ ಅಂತ ಅವನಿಗೆ ಹೇಗೆ ಗೊತ್ತಾಗಬೇಕು? ಸರಿಯಾಗಿ ಇಪ್ಪತ್ತೈದು ವರ್ಷ ಕಳೆದು, 1988ರಲ್ಲಿ, ಅದೇ ಹಾಲ್ ಆಫ್ ಫೇಮಿಗೆ ಅವರನ್ನು ಸೇರಿಸಿಕೊಂಡರು.

ಇಷ್ಟಕ್ಕೇ ನಿಲ್ಲಿಸಿದರೆ ಇದು ವಾಟ್ಸಾಪಿನಲ್ಲಿ ಬೆಳಿಗ್ಗೆ ಏಳಕ್ಕೆ ಬರುವ ಸಂದೇಶವಾಗುತ್ತದೆ, ಜೊತೆಗೊಂದು ಸೂರ್ಯೋದಯದ ಚಿತ್ರ. ಹೆಚ್ಚಿನವರು ಇಲ್ಲಿಗೇ ನಿಲ್ಲಿಸುತ್ತಾರೆ. ನನಗೆ ಬೇಕಾದದ್ದು ಮುಂದಿನ ಭಾಗ. ಆ ಸಮಾರಂಭದಲ್ಲಿ ಪ್ರತಿಯೊಬ್ಬ ಆಟಗಾರನನ್ನೂ ಸಭೆಗೆ ಪರಿಚಯಿಸಲು ಒಬ್ಬರು ಬರಬೇಕು. ಸಾಮಾನ್ಯವಾಗಿ ಅವರ ಕೋಚ್ ಬರುತ್ತಾರೆ, ಇಲ್ಲವೇ ಜೊತೆಗಾರ, ತಂಡದ ಮಾಲೀಕ. ಪೇಜ್ ಕರೆದದ್ದು ಮಿನಿಯಾಪೊಲಿಸ್‌ನ ನಾರ್ತ್ ಹೈಸ್ಕೂಲಿನ ಪ್ರಿನ್ಸಿಪಾಲರನ್ನು, ವಿಲರೀನ್ ಬೀಸ್ಲಿ ಎಂಬ ಕಪ್ಪು ಮಹಿಳೆಯನ್ನು. ಸಭೆಯಲ್ಲಿ ಕೂತಿದ್ದವರು ಫುಟ್‌ಬಾಲ್ ಹುಚ್ಚಿನ ಜನ, ಯಾವುದೋ ಹಳೇ ಪಂದ್ಯದ ಕಥೆ ಕೇಳಲು ಬಂದವರು. ಅವರ ಮುಂದೆ ನಿಂತು ಪೇಜ್ ಶಾಲೆಯ ಬಗ್ಗೆ ಮಾತಾಡಿದರು. ಮಕ್ಕಳು ಕನಸು ಕಾಣುವುದನ್ನು ಯಾವಾಗ ನಿಲ್ಲಿಸುತ್ತಾರೆ, ಯಾಕೆ ನಿಲ್ಲಿಸುತ್ತಾರೆ ಅಂತ ಮಾತಾಡಿದರು. ತಮ್ಮ ಜೊತೆ ಆಡಿದ ಕೆಲವರಿಗೆ ತಂಡದ ಆಟದ ಪುಸ್ತಕವನ್ನೇ ಸರಾಗವಾಗಿ ಓದಲು ಬರುತ್ತಿರಲಿಲ್ಲ ಎಂಬ ಸಂಗತಿ ಅವರನ್ನು ಬಹಳ ಕಾಡಿತ್ತು, ಆ ಮಾತನ್ನು ಅವರು ಬೇರೆ ಬೇರೆ ಕಡೆ ಹೇಳಿದ್ದಾರೆ. ಕಾಲೇಜು ಮುಗಿಸಿದವರು ಆ ಜೊತೆಗಾರರು, ನೆನಪಿಡಿ. ಶನಿವಾರ ಶನಿವಾರ ಆಡಿಸಿಕೊಂಡು, ಓದು ಬಂತೋ ಇಲ್ಲವೋ ನೋಡದೆ ಮೇಲಕ್ಕೆ ತಳ್ಳಿದ ಕಾಲೇಜುಗಳಿಂದ ಬಂದವರು.

ಈಗ ಹೇಳಿ, ಇದು ಆಟಗಾರ ನ್ಯಾಯಮೂರ್ತಿಯಾದ ಕಥೆಯೋ? ಅಥವಾ ಮೊದಲಿನಿಂದ ಬೇರೆಲ್ಲೋ ಕಣ್ಣಿಟ್ಟಿದ್ದವನು ಆಟದ ಮನೆ ಹಾದುಹೋದ ಕಥೆಯೋ?

ಆಟದ ಬಗ್ಗೆ ಹೇಳದಿದ್ದರೆ ನನ್ನ ಮೊಮ್ಮಗ ಬೇಜಾರು ಮಾಡಿಕೊಳ್ಳುತ್ತಾನೆ, ಹಾಗಾಗಿ ಸ್ವಲ್ಪ. ನೋಟರ್ ಡೇಮ್ ವಿಶ್ವವಿದ್ಯಾಲಯದ ತಂಡದಲ್ಲಿದ್ದಾಗ 1966ರ ರಾಷ್ಟ್ರೀಯ ಚಾಂಪಿಯನ್‌ಪಟ್ಟ. 1967ರಲ್ಲಿ ರಾಜ್ಯಶಾಸ್ತ್ರದಲ್ಲಿ ಪದವಿ, ಅದೇ ವರ್ಷ ಲೀಗಿನ ಮಿನ್ನೆಸೋಟ ವೈಕಿಂಗ್ಸ್ ತಂಡ ಹೊಸ ಆಟಗಾರರ ಆಯ್ಕೆಯ ಮೊದಲ ಸುತ್ತಿನಲ್ಲೇ ಅವರನ್ನು ಆರಿಸಿಕೊಂಡಿತು. ಸ್ಥಾನ ಡಿಫೆನ್ಸಿವ್ ಟ್ಯಾಕಲ್. ಊರಿಂದ ಬಂದಿರುವ ಹಿರಿಯರಿಗಾಗಿ ಹೇಳುತ್ತೇನೆ: ಎದುರಾಳಿಗಳ ಗೋಡೆಯನ್ನು ನಡುವಿನಲ್ಲೇ ಸೀಳಿ, ಚೆಂಡು ಹಿಡಿದವನನ್ನು ಅಲ್ಲೇ ಕೆಡವುವ ಕೆಲಸ. ಕಬಡ್ಡಿಯಲ್ಲಿ ಕೆಲವರು ರೈಡರ್ ಕಾಲು ಎತ್ತುವ ಮುಂಚೆಯೇ ಎತ್ತ ಹೋಗುತ್ತಾನೆ ಅಂತ ಅವನ ಭುಜದಲ್ಲೇ ಓದಿಬಿಡುತ್ತಾರಲ್ಲ, ಪೇಜ್ ಆ ಜಾತಿಯವರು. ಆ ಸ್ಥಾನದಲ್ಲಿ ಆಡುವವರ ಪೈಕಿ ತೂಕದಲ್ಲಿ ದೊಡ್ಡವರಲ್ಲ. ಆದರೆ ಚೆಂಡು ಅಲುಗಿದ ಕ್ಷಣಕ್ಕೆ ಎದುರಿನವನು ಕೈ ಎತ್ತುವಷ್ಟರಲ್ಲಿ ಇವರು ಪಕ್ಕದಲ್ಲಿ ದಾಟಿ ಹೋಗಿರುತ್ತಿದ್ದರು.

ಕಾರ್ಲ್ ಎಲ್ಲರ್, ಜಿಮ್ ಮಾರ್ಷಲ್, ಗ್ಯಾರಿ ಲಾರ್ಸನ್, ಆ್ಯಲನ್ ಪೇಜ್. ಈ ನಾಲ್ವರಿಗೆ ಜನ ಇಟ್ಟ ಹೆಸರು ನೇರಳೆ ನರಭಕ್ಷಕರು. ಇವರಲ್ಲಿ ಮಾರ್ಷಲ್ ಬಗ್ಗೆ ಒಂದು ಹೇಳಲೇಬೇಕು. 1964ರಲ್ಲಿ, ಪೇಜ್ ಬರುವ ಮುಂಚೆ, ಸ್ಯಾನ್ ಫ್ರಾನ್ಸಿಸ್ಕೊದಲ್ಲಿ ಬಿದ್ದ ಚೆಂಡನ್ನು ಎತ್ತಿಕೊಂಡು 66 ಗಜ ಓಡಿ, ಸಂಭ್ರಮದಿಂದ ಗೆರೆ ದಾಟಿ, ಚೆಂಡನ್ನು ಆಚೆ ಎಸೆದರು. ದಿಕ್ಕು ಮಾತ್ರ ತಪ್ಪಿತ್ತು! ಎದುರಾಳಿಗೆ ಎರಡು ಅಂಕ ಸಿಕ್ಕಿತು. ಆಮೇಲೂ ಆ ಮಾರ್ಷಲ್ ವರ್ಷಗಟ್ಟಲೆ ಒಂದೂ ಪಂದ್ಯ ಬಿಡದೆ ಆಡಿ ಈ ಊರಿನ ಪ್ರೀತಿಯ ಮನುಷ್ಯರಾದರು. ಪರೀಕ್ಷೆಯಲ್ಲಿ ಒಂದು ಪೇಪರ್ ಕೈಕೊಟ್ಟಿತು ಅಂತ ಅಳುತ್ತಿರುವ ಮಕ್ಕಳು ಯಾರಾದರೂ ಇದ್ದರೆ ಯೂಟ್ಯೂಬಿನಲ್ಲಿ ಹುಡುಕಿ ನೋಡಿ.

ಆಗ ಮನೆಯಂಗಳ ಬ್ಲೂಮಿಂಗ್‌ಟನ್‌ನ ಮೆಟ್ರೊಪಾಲಿಟನ್ ಸ್ಟೇಡಿಯಂ. ತೆರೆದ ಮೈದಾನ. ನೀವು ಶನಿವಾರ ಸಂಜೆ ಸುತ್ತುವ ಮಾಲ್ ಆಫ್ ಅಮೆರಿಕ ನಿಂತಿರುವುದು ಅದೇ ಜಾಗದ ಮೇಲೆ. ನಾನು ಎಪ್ಪತ್ತರ ದಶಕದಲ್ಲಿ ಓದಲು ಬಂದ ಹೊಸದರಲ್ಲಿ ಲ್ಯಾಬಿನ ಗೆಳೆಯನೊಬ್ಬ ಡಿಸೆಂಬರ್ ಪಂದ್ಯಕ್ಕೆ ಕರೆದುಕೊಂಡು ಹೋಗಿದ್ದ. ಆಟ ಒಂದಿಷ್ಟೂ ಅರ್ಥವಾಗಲಿಲ್ಲ, ಕಾಲ್ಬೆರಳು ಇವೆಯೋ ಇಲ್ಲವೋ ಎಂಬುದೇ ಚಿಂತೆ. ಕೋಚ್ ಬಡ್ ಗ್ರಾಂಟ್ ತಮ್ಮ ಆಟಗಾರರಿಗೆ ಬದಿಯಲ್ಲಿ ಹೀಟರ್ ಇಡಲೂ ಬಿಡುತ್ತಿರಲಿಲ್ಲ. ನೆನಪಿರುವುದು 88 ಅಂತ ಬರೆದ ನೇರಳೆ ಬೆನ್ನು ಮಾತ್ರ. ಶಿಳ್ಳೆ ಊದಿದ ಮೇಲೆ ಬೇರೆಯವರು ಕೂಗಾಡುತ್ತಿದ್ದರು, ಆ ಬೆನ್ನು ಸುಮ್ಮನೆ ತನ್ನ ಜಾಗಕ್ಕೆ ವಾಪಸ್ ಬರುತ್ತಿತ್ತು.

1971ರಲ್ಲಿ ಇಡೀ ಲೀಗಿನ ಅತ್ಯಮೂಲ್ಯ ಆಟಗಾರ ಪ್ರಶಸ್ತಿ. ರಕ್ಷಣಾ ಆಟಗಾರನಿಗೆ ಅದು ಸಿಕ್ಕಿದ್ದು ಅದೇ ಮೊದಲು. ಆಮೇಲೆ ಇನ್ನೊಬ್ಬರಿಗೆ ಮಾತ್ರ, 1986ರಲ್ಲಿ ಲಾರೆನ್ಸ್ ಟೇಲರ್ ಅವರಿಗೆ. ಒಂಬತ್ತು ಸಲ ಪ್ರೊ ಬೌಲ್, ಅಂದರೆ ವರ್ಷದ ಅತ್ಯುತ್ತಮ ಆಟಗಾರರ ಪಂದ್ಯ. ಎದುರಾಳಿಯ ಚೆಂಡು ಎಸೆಯುವವನನ್ನು, ಅಂದರೆ ಕ್ವಾರ್ಟರ್‌ಬ್ಯಾಕನ್ನು, ಎಷ್ಟು ಸಲ ಕೆಡವಿದರು ಅಂತ ಕೇಳಿದರೆ ಒಬ್ಬೊಬ್ಬರು ಒಂದೊಂದು ಲೆಕ್ಕ ಕೊಡುತ್ತಾರೆ. ಯಾಕೆಂದರೆ 1982ರ ತನಕ ಲೀಗು ಅದನ್ನು ಅಧಿಕೃತವಾಗಿ ಬರೆದಿಡುತ್ತಲೇ ಇರಲಿಲ್ಲ, ಇವರು ನಿವೃತ್ತರಾದದ್ದು 1981ರಲ್ಲಿ! ಚೆಂಡು ಎಸೆದವನ ಲೆಕ್ಕ ಗಜಗಟ್ಟಲೆ ಇದೆ, ಎಸೆಯದಂತೆ ತಡೆದವನ ಲೆಕ್ಕ ಇಲ್ಲ. ಆಟಗಾರರ ಯೂನಿಯನ್ನಿನಲ್ಲೂ ಅವರು ವರ್ಷಗಟ್ಟಲೆ ತಂಡದ ಪ್ರತಿನಿಧಿಯಾಗಿದ್ದರು. ಮಾಲೀಕರಿಗೆ ಅದು ಎಷ್ಟು ಇಷ್ಟವಾಗಿತ್ತು ಎಂದು ನಿಮ್ಮ ಊಹೆಗೆ ಬಿಡುತ್ತೇನೆ.

ಲೀಗಿನ ಫೈನಲ್ ಪಂದ್ಯ ಸೂಪರ್ ಬೌಲ್ ವಿಷಯ ಎತ್ತಬೇಡಿ ಅಂತ ಇಲ್ಲಿ ಮುಂದಿನ ಸಾಲಿನಿಂದ ಸನ್ನೆ ಬರುತ್ತಿದೆ. ನಾಲ್ಕು ಸಲ ಹೋದರು, ನಾಲ್ಕು ಸಲ ಸೋತರು. ಮಿನ್ನೆಸೋಟದಲ್ಲಿ ಮನೆ ಕೊಂಡವರೆಲ್ಲ ಈ ದುಃಖಕ್ಕೂ ಪಾಲುದಾರರು, ಮುಂದಕ್ಕೆ ಹೋಗೋಣ.

ಒಂದು ಪಂದ್ಯ ಮಾತ್ರ ಹೇಳಿಬಿಡುತ್ತೇನೆ, ಕಾರಣ ಇದೆ. 1975ರ ಡಿಸೆಂಬರ್ 28. ಡಲ್ಲಾಸ್ ವಿರುದ್ಧ, ನಮ್ಮ ಮೆಟ್ರೊಪಾಲಿಟನ್ ಮೈದಾನದಲ್ಲೇ. 14–10 ಮುಂದಿದ್ದೇವೆ, ಉಳಿದಿರುವುದು ಅರ್ಧ ನಿಮಿಷ. ಡಲ್ಲಾಸ್‌ನ ರೋಜರ್ ಸ್ಟೌಬಾಕ್ ದೇವರ ಮೇಲೆ ಭಾರ ಹಾಕಿ ಐವತ್ತು ಗಜ ದೂರಕ್ಕೆ ಚೆಂಡು ಎಸೆದರು, ಡ್ರೂ ಪಿಯರ್ಸನ್ ಹಿಡಿದು ಗೆರೆ ದಾಟಿದರು. ನಮ್ಮ ಹುಡುಗನನ್ನು ತಳ್ಳಿ ಹಿಡಿದದ್ದು ಅದು, ಇವತ್ತಿಗೂ ಇಲ್ಲಿನ ಯಾವ ಮುದುಕರನ್ನು ಕೇಳಿದರೂ ಹೇಳುತ್ತಾರೆ. ಸಿಟ್ಟಿಗೆದ್ದ ಪ್ರೇಕ್ಷಕನೊಬ್ಬ ಎಸೆದ ವಿಸ್ಕಿ ಬಾಟಲಿ ಅಂಪೈರ್ ಒಬ್ಬರ ಹಣೆಗೆ ಬಡಿಯಿತು. ಪಂದ್ಯ ಮುಗಿದಾಗ ಸ್ಟೌಬಾಕ್ ಮೇರಿ ಮಾತೆಯ ಪ್ರಾರ್ಥನೆ ಹೇಳಿಕೊಂಡು ಎಸೆದೆ ಅಂದರು. ಕೊನೆ ಗಳಿಗೆಯ ಅಂಥ ಎಸೆತಕ್ಕೆಲ್ಲ ಹೇಲ್ ಮೇರಿ ಎಂಬ ಹೆಸರು ಗಟ್ಟಿಯಾಗಿ ಅಂಟಿದ್ದು ಅಲ್ಲಿಂದ. ಕಾರಣ ಏನು ಅಂದರೆ, 2018ರ ನವೆಂಬರ್‌ನಲ್ಲಿ ಶ್ವೇತಭವನದಲ್ಲಿ ಅಧ್ಯಕ್ಷರ ಸ್ವಾತಂತ್ರ್ಯ ಪದಕ ಕೊಟ್ಟರಲ್ಲ, ಅವತ್ತು ಪದಕ ಪಡೆದವರಲ್ಲಿ ಪೇಜ್ ಒಬ್ಬರು, ಸ್ಟೌಬಾಕ್ ಇನ್ನೊಬ್ಬರು! ನಲವತ್ತಮೂರು ವರ್ಷದ ಮೇಲೆ ಇಬ್ಬರೂ ಒಂದೇ ವೇದಿಕೆಯಲ್ಲಿ. ಪದಕ ಕೊರಳಿಗೆ ಹಾಕಿದವರು ಯಾರು ಎಂಬ ರಾಜಕೀಯ ಊಟದ ಹೊತ್ತಿಗೆ ಮಾಡೋಣ.

ಸರಿ. ಕಾನೂನಿಗೆ ಬರುತ್ತೇನೆ. ಆಡುತ್ತಿದ್ದ ಮೊದಲ ವರ್ಷಗಳಲ್ಲೇ ಸೇಂಟ್ ಪಾಲ್‌ನ ಒಂದು ಲಾ ಕಾಲೇಜಿಗೆ ಸೇರಿದರು, ಮೂರು ವಾರದಲ್ಲಿ ಬಿಟ್ಟರು. ಆಗದು ಅನ್ನಿಸಿತು. ಅಲ್ಲಿಗೆ ಮುಗಿಯಬಹುದಿತ್ತು. ಸಂಬಳ ಬರುತ್ತಿದೆ, ಹೆಸರಿದೆ, ಯಾರೂ ಕೇಳುವವರಿಲ್ಲ. ಕೆಲವು ವರ್ಷ ಬಿಟ್ಟು ಮಿನ್ನೆಸೋಟ ವಿಶ್ವವಿದ್ಯಾಲಯದ ಲಾ ಸ್ಕೂಲಿಗೆ ಮತ್ತೆ ಸೇರಿದರು. ಒಂದು ಕಡೆ ಲೀಗಿನ ಪಂದ್ಯ, ಇನ್ನೊಂದು ಕಡೆ ಪೂರ್ಣಾವಧಿ ತರಗತಿ. 1978ರಲ್ಲಿ ಪದವಿ. ಇದನ್ನು ಕೇಳಿದಾಗ ನಮ್ಮ ಅಪ್ಪ ಅಮ್ಮಂದಿರ ಮುಖ ಅರಳುತ್ತದೆ: ನೋಡು, ಓದೂ ಬೇಕು! ಆದರೆ ಸ್ವಲ್ಪ ತಡೀರಿ. ಅದೇ ಅಪ್ಪ ಅಮ್ಮಂದಿರು ಒಂಬತ್ತನೇ ಕ್ಲಾಸಿನಲ್ಲಿ ಮಗಳ ಈಜು ಬಿಡಿಸಿ ಕಾಲೇಜು ಪ್ರವೇಶದ ಎಸ್‌ಎಟಿ ಪರೀಕ್ಷೆಯ ಕೋಚಿಂಗಿಗೆ ಹಾಕಿರುತ್ತಾರೆ. ಪೇಜ್ ಎರಡರಲ್ಲಿ ಒಂದನ್ನು ಆರಿಸಲಿಲ್ಲ. ಆಟ ಅವರಿಗೆ ಕೆಲಸ, ಆ ಕೆಲಸದ ದುಡ್ಡಿನಲ್ಲಿ ತನಗೆ ಬೇಕಾದದ್ದನ್ನು ಓದಿದರು. ಕಾನೂನು ಮೊದಲು, ಚೆಂಡು ಆಮೇಲೆ ಅಂದೆನಲ್ಲ, ಅದು ಇದೇ.

ಪದವಿ ಬಂದ ಅದೇ 1978ರಲ್ಲಿ ಇನ್ನೊಂದು ನಡೆಯಿತು. ಹೆಂಡತಿ ಡಯಾನ್ ಸಿಗರೇಟು ಬಿಡಲು ಓಟ ಶುರುಮಾಡಿದ್ದರು, ಜೊತೆಗೆ ಇವರೂ ಓಡತೊಡಗಿದರು. ಇವರಿಗೆ ಅದು ಎಷ್ಟು ಹಿಡಿಸಿತೆಂದರೆ ಸುಮಾರು ಇಪ್ಪತ್ತು ಪೌಂಡು ತೂಕ ಇಳಿದುಹೋಯಿತು. ಕೋಚಿಗೆ ಬೇಕಾದದ್ದು ಗೋಡೆ ಒಡೆಯುವ ತೂಕ. ಜಟಾಪಟಿ ಆಯಿತು, ಹಂಗಾಮಿನ ನಡುವೆಯೇ ವೈಕಿಂಗ್ಸ್ ಅವರನ್ನು ಕೈಬಿಟ್ಟಿತು. ಶಿಕಾಗೋ ಬೇರ್ಸ್ ತಂಡ ಅವರನ್ನು ಎತ್ತಿಕೊಂಡಿತು. ಕೊಟ್ಟ ಬೆಲೆ ಎಷ್ಟು ಗೊತ್ತೇ? ನೂರು ಡಾಲರ್. ಲೀಗಿನ ನಿಯಮದಂತೆ ಕಟ್ಟಬೇಕಾದ ಶುಲ್ಕ ಅಷ್ಟೇ. ಅತ್ಯಮೂಲ್ಯ ಆಟಗಾರನಿಗೆ ನೂರು ಡಾಲರ್! ಅಲ್ಲಿ ಇನ್ನೂ ಮೂರೂವರೆ ವರ್ಷ ಆಡಿದರು. ವೈಕಿಂಗ್ಸ್‌ಗೆ 160, ಬೇರ್ಸ್‌ಗೆ 58, ಒಟ್ಟು 218 ಪಂದ್ಯ, ಸತತವಾಗಿ, ಒಂದೂ ತಪ್ಪಿಸದೆ. 1979ರಲ್ಲಿ ಪೂರ್ತಿ ಮ್ಯಾರಥಾನ್ ಓಡಿ ಮುಗಿಸಿದರು, ಲೀಗಿನಲ್ಲಿ ಆಡುತ್ತಿರುವಾಗಲೇ ಅದನ್ನು ಮಾಡಿದ ಮೊದಲಿಗರು. ಅದೇ ವರ್ಷದಿಂದ ಬಿಡುವಿನ ತಿಂಗಳುಗಳಲ್ಲಿ ಮಿನಿಯಾಪೊಲಿಸ್‌ನ ಒಂದು ಕಾನೂನು ಸಂಸ್ಥೆಯಲ್ಲಿ ವಕೀಲಿ. ಆಮೇಲೆ ರಾಜ್ಯದ ಅಟಾರ್ನಿ ಜನರಲ್ ಕಚೇರಿಯಲ್ಲಿ ಏಳೆಂಟು ವರ್ಷ ಸರ್ಕಾರಿ ವಕೀಲರು. ಆ ವರ್ಷಗಳ ಬಗ್ಗೆ ಯಾರೂ ಮಾತಾಡುವುದಿಲ್ಲ, ಅಲ್ಲಿ ಚಪ್ಪಾಳೆ ಇಲ್ಲ, ಬರೀ ಫೈಲು.

ಈಗ 1992. ಇಲ್ಲಿ ರಾಜ್ಯಕ್ಕೂ ತನ್ನದೇ ಸುಪ್ರೀಂ ಕೋರ್ಟ್ ಇದೆ, ಅದರ ನ್ಯಾಯಮೂರ್ತಿಗಳನ್ನು ಜನ ಆರು ವರ್ಷಕ್ಕೊಮ್ಮೆ ಚುನಾಯಿಸಬೇಕು, ಕಾಗದದ ಮೇಲೆ. ನಿಜದಲ್ಲಿ ಅವಧಿಯ ನಡುವೆ ನ್ಯಾಯಮೂರ್ತಿ ಬಿಡುತ್ತಾರೆ, ಗವರ್ನರ್ ಒಬ್ಬರನ್ನು ಕೂರಿಸುತ್ತಾರೆ, ಅವರ ವಿರುದ್ಧ ನಿಲ್ಲುವ ಎದೆಗಾರಿಕೆ ಯಾರಿಗೂ ಇರುವುದಿಲ್ಲ. ಪೇಜ್ ಅವರಿಗೆ ಗವರ್ನರ್ ಕೃಪೆಗೆ ಕಾಯುವ ಮನಸ್ಸಿರಲಿಲ್ಲ. ಚುನಾವಣೆಗೆ ನಿಲ್ಲುತ್ತೇನೆ ಅಂದರು. ಅಷ್ಟರಲ್ಲಿ ಗವರ್ನರ್ ಆರ್ನಿ ಕಾರ್ಲ್‌ಸನ್, ಆ ಸ್ಥಾನದಲ್ಲಿದ್ದ ನ್ಯಾಯಮೂರ್ತಿಯ ಅವಧಿಯನ್ನು ಪಿಂಚಣಿಯ ಕಾರಣಕ್ಕೆ ಮುಂದುವರಿಸಿದರು. ಅವಧಿ ಮುಗಿದಿಲ್ಲವಾದ್ದರಿಂದ ಚುನಾವಣೆಯೇ ಇಲ್ಲ! ಬೇರೆಯವರಾಗಿದ್ದರೆ ಪತ್ರಿಕಾಗೋಷ್ಠಿ ಕರೆದು ಬೈದು ಮನೆಗೆ ಹೋಗುತ್ತಿದ್ದರು. ಇವರು ದಾವೆ ಹೂಡಿದರು. ಪೇಜ್ ವರ್ಸಸ್ ಕಾರ್ಲ್‌ಸನ್. ಸುಪ್ರೀಂ ಕೋರ್ಟಿನ ಕುರ್ಚಿಗಾಗಿ ಸುಪ್ರೀಂ ಕೋರ್ಟಿನಲ್ಲೇ ಕೇಸು. ಕೂತಿದ್ದ ನ್ಯಾಯಮೂರ್ತಿಗಳು ಹಿಂದೆ ಸರಿದರು, ಬದಲಿ ಪೀಠ ಕೇಳಿತು, ಚುನಾವಣೆ ನಡೆಯಲೇಬೇಕು ಎಂದಿತು. ನಡೆಯಿತು, ಗೆದ್ದರು. ಮಿನ್ನೆಸೋಟ ಸುಪ್ರೀಂ ಕೋರ್ಟಿನ ಮೊದಲ ಕಪ್ಪು ನ್ಯಾಯಮೂರ್ತಿ. 1998, 2004, 2010, ಮತ್ತೆ ಮತ್ತೆ ಗೆದ್ದು, ಕಾಯ್ದೆ ಪ್ರಕಾರ ಎಪ್ಪತ್ತು ತುಂಬಿದಾಗ, 2015ರಲ್ಲಿ ಕೆಳಗಿಳಿದರು.

ಜನ ಓಟು ಹಾಕಿದ್ದು 88ನೇ ನಂಬರಿಗೇ ಹೊರತು ವಕೀಲನಿಗಲ್ಲ ಅಂತ ಅವತ್ತು ಕೆಲವರು ಗೊಣಗಿದ್ದುಂಟು. ಇರಬಹುದು. ಆದರೆ ಚುನಾವಣೆ ನಡೆಯುವಂತೆ ಮಾಡಿದ್ದು ಯಾರು? ಅದು ವಕೀಲನ ಕೆಲಸ.

ಇಪ್ಪತ್ತೆರಡೂವರೆ ವರ್ಷದ ತೀರ್ಪುಗಳ ಬಗ್ಗೆ ಮಾತಾಡಲು ಟಿಪ್ಪಣಿ ಮಾಡಿಕೊಂಡು ಬಂದಿದ್ದೆ. ಗಡಿಯಾರ ನೋಡಿದರೆ ಒಂದಕ್ಕೆ ಮಾತ್ರ ಜಾಗ. 2008ರ ಸೆನೆಟ್ ಚುನಾವಣೆ, ನಾರ್ಮ್ ಕೋಲ್‌ಮನ್ ಮತ್ತು ಆಲ್ ಫ್ರ್ಯಾಂಕನ್. ಮೊದಲ ಎಣಿಕೆಯಲ್ಲಿ ಕೋಲ್‌ಮನ್ 215 ಮತ ಮುಂದೆ. ಮರು ಎಣಿಕೆಯಲ್ಲಿ ಫ್ರ್ಯಾಂಕನ್ 225 ಮುಂದೆ. ಕೈಯಲ್ಲಿ ಎಣಿಸಿದರು, ನಿಮಗೆ ನೆನಪಿರಬಹುದು, ಯಾರೋ ಮಹಾನುಭಾವರು ಮತಪತ್ರದ ಮೇಲೆ "ಲಿಜರ್ಡ್ ಪೀಪಲ್", ಹಲ್ಲಿ ಮನುಷ್ಯರು, ಅಂತ ಬರೆದದ್ದು ಸಿಕ್ಕಿ, ಅದು ಯಾರ ಮತ ಎಂಬ ಗಂಭೀರ ಚರ್ಚೆ ಆಯಿತು. ಕೇಸು ಸುಪ್ರೀಂ ಕೋರ್ಟಿಗೆ ಬಂತು. ಮುಖ್ಯ ನ್ಯಾಯಮೂರ್ತಿ ಎಣಿಕೆ ಮಂಡಳಿಯಲ್ಲೇ ಕೂತಿದ್ದವರು, ಹಾಗಾಗಿ ಹಿಂದೆ ಸರಿದರು, ಇನ್ನೊಬ್ಬರೂ ಸರಿದರು. ಉಳಿದ ಐವರಲ್ಲಿ ಹಿರಿಯರಾದ ಪೇಜ್ ಪೀಠದ ಮುಖ್ಯಸ್ಥಾನದಲ್ಲಿ ಕೂತರು. 2009ರ ಜೂನ್ 30ರಂದು ಐವರದೂ ಒಂದೇ ಮಾತು: 312 ಮತಗಳಿಂದ ಫ್ರ್ಯಾಂಕನ್ ಗೆದ್ದಿದ್ದಾರೆ. ಅದೇ ದಿನ ಕೋಲ್‌ಮನ್ ಸೋಲು ಒಪ್ಪಿಕೊಂಡರು. ಇಡೀ ದೇಶದ ಸೆನೆಟ್ ಲೆಕ್ಕ ಆ ಒಂದು ಸೀಟಿನ ಮೇಲೆ ನಿಂತಿತ್ತು, ಆದರೂ ಬೀದಿಯಲ್ಲಿ ಒಂದು ಕಲ್ಲು ಹಾರಲಿಲ್ಲ. ಆಮೇಲಿನ ವರ್ಷಗಳಲ್ಲಿ ಇದು ಎಷ್ಟು ದೊಡ್ಡ ಸಂಗತಿ ಅಂತ ನಮಗೆ ಗೊತ್ತಾಗಿದೆ.

ನಿವೃತ್ತಿಯ ಮೇಲೆ ಸುಮ್ಮನೆ ಕೂರಲಿಲ್ಲ. ಡಯಾನ್ ಮತ್ತು ಅವರು ವರ್ಷಗಳಿಂದ ಕೂಡಿಟ್ಟಿದ್ದ ವಸ್ತುಗಳನ್ನು 2018ರಲ್ಲಿ ಮಿನಿಯಾಪೊಲಿಸ್‌ನ ಸೆಂಟ್ರಲ್ ಲೈಬ್ರರಿಯಲ್ಲಿ ಜನರ ಮುಂದಿಟ್ಟರು. ಗುಲಾಮಗಿರಿಯ ಕಾಲದ ಸಾಮಾನು, ಬಿಳಿಯರಿಗೊಂದು ಕಪ್ಪು ಜನರಿಗೊಂದು ಬಾಗಿಲು ಎಂಬ ಬೋರ್ಡುಗಳು. ಅದೇ ವರ್ಷ ಸೆಪ್ಟೆಂಬರ್‌ನಲ್ಲಿ ಡಯಾನ್ ತೀರಿಕೊಂಡರು. ಪದಕ ಬಂದದ್ದು ಅದರ ಮರುತಿಂಗಳು ಕಳೆದ ಮೇಲೆ. 2017ರಲ್ಲಿ ಮಿನಿಯಾಪೊಲಿಸ್‌ನ ರ್‍ಯಾಮ್ಸಿ ಮಿಡ್ಲ್ ಸ್ಕೂಲಿನ ಹೆಸರು ಜಸ್ಟಿಸ್ ಪೇಜ್ ಮಿಡ್ಲ್ ಸ್ಕೂಲ್ ಅಂತಾಯಿತು. ಅಲೆಕ್ಸಾಂಡರ್ ರ್‍ಯಾಮ್ಸಿ, ಇಲ್ಲಿನ ಮೂಲನಿವಾಸಿಗಳನ್ನು ನಿರ್ನಾಮ ಮಾಡಬೇಕು ಅಥವಾ ರಾಜ್ಯದಿಂದ ಓಡಿಸಬೇಕು ಅಂತ 1862ರಲ್ಲಿ ಶಾಸನಸಭೆಯಲ್ಲೇ ಹೇಳಿದ ಗವರ್ನರ್. ಹೆಸರು ಬದಲಾಗಬೇಕು ಅಂತ ಹಟ ಹಿಡಿದವರು ಮಕ್ಕಳು. ನಮ್ಮ ಸಭೆಯಲ್ಲೂ ಆ ಶಾಲೆಯಲ್ಲಿ ಓದಿದವರು ಇದ್ದಾರೆ, ಕೈ ಎತ್ತಬೇಡಿ, ನಾಚಿಕೊಳ್ಳುತ್ತೀರಿ. ಪೇಜ್ ಶಾಲೆಗಳಿಗೆ ಹೋದರೆ ಮಕ್ಕಳು ಮೊದಲು ಕೇಳುವುದು ಅವರ ಕಿರುಬೆರಳಿನ ಬಗ್ಗೆ. ಆಟದಲ್ಲಿ ಮುರಿದು ಮುರಿದು ಅದು ಪಕ್ಕಕ್ಕೆ ಲಂಬವಾಗಿ ನಿಂತಿದೆ. ಅದರ ಮೇಲೆ ಮಗಳ ಜೊತೆ ಸೇರಿ ಮಕ್ಕಳ ಪುಸ್ತಕವನ್ನೇ ಬರೆದಿದ್ದಾರೆ. ಅಕ್ಟೋಬರ್‌ನ ಟ್ವಿನ್ ಸಿಟೀಸ್ ಮ್ಯಾರಥಾನಿನಲ್ಲಿ ರಸ್ತೆ ಬದಿ ನಿಂತು, ಮೈಸುತ್ತ ಸುತ್ತಿಕೊಳ್ಳುವ ಆ ದೊಡ್ಡ ಹಿತ್ತಾಳೆ ಕೊಳವೆಯನ್ನು ಊದಿ ಓಟಗಾರರನ್ನು ಹುರಿದುಂಬಿಸುವವರೂ ಅವರೇ. ಚೆನ್ನಾಗಿ ನುಡಿಸುತ್ತಾರೆ ಅಂತ ನಾನು ಪ್ರಮಾಣ ಮಾಡಲಾರೆ, ಜೋರಾಗಿ ನುಡಿಸುತ್ತಾರೆ.

ಚೀಟಿ ಬಂತು. ಐದು ನಿಮಿಷ. ಡೊಳ್ಳಿನ ಮಕ್ಕಳು ಆಗಲೇ ಸೊಂಟಕ್ಕೆ ಕಟ್ಟಿಕೊಂಡು ನಿಂತಿದ್ದಾರಂತೆ.

ಹಾಗಾದರೆ ಮಿನ್ನೆಸೋಟ ಸಂವಿಧಾನಕ್ಕೆ ಪೇಜ್ ಸೂಚಿಸಿದ ತಿದ್ದುಪಡಿಯ ಮಾತು, ಬೇಗ. 2020ರಲ್ಲಿ ಪೇಜ್ ಒಂದು ಪ್ರಸ್ತಾವ ಮುಂದಿಟ್ಟರು. ಜೊತೆಗಿದ್ದವರು ಅಮೆರಿಕದ ಕೇಂದ್ರ ಬ್ಯಾಂಕಿನ ಶಾಖೆಯಾದ ಮಿನಿಯಾಪೊಲಿಸ್ ಫೆಡರಲ್ ರಿಸರ್ವ್ ಬ್ಯಾಂಕಿನ ಅಧ್ಯಕ್ಷ ನೀಲ್ ಕಶ್ಕರಿ, ಕಾಶ್ಮೀರದಿಂದ ಬಂದ ತಂದೆತಾಯಿಯ ಮಗ. ಹುಟ್ಟಿದ್ದು ಓಹಿಯೋದ ಆಕ್ರನ್‌ನಲ್ಲಿ, ಪೇಜ್ ಅವರ ಕ್ಯಾಂಟನ್‌ಗೆ ನೆರೆಯೂರು. ಮಿನ್ನೆಸೋಟ ಸಂವಿಧಾನದಲ್ಲಿ 1857ರಿಂದ ಇರುವುದು, ಏಕರೂಪದ ಸಾರ್ವಜನಿಕ ಶಾಲಾ ವ್ಯವಸ್ಥೆ ಕಟ್ಟುವುದು ಶಾಸನಸಭೆಯ ಕರ್ತವ್ಯ ಅಂತ. ಇವರು ಅದನ್ನು ತಿರುಗಿಸಿ, ಗುಣಮಟ್ಟದ ಸಾರ್ವಜನಿಕ ಶಿಕ್ಷಣ ಪ್ರತಿ ಮಗುವಿನ ಮೂಲಭೂತ ಹಕ್ಕು ಅಂತ ಬರೆಯೋಣ ಅಂದರು. ಕರ್ತವ್ಯ ಅಂದರೆ ಮಗು ಕಾಯಬೇಕು, ಹಕ್ಕು ಅಂದರೆ ಮಗುವಿನ ಪರವಾಗಿ ಕೋರ್ಟಿಗೆ ಹೋಗಬಹುದು. ಶಿಕ್ಷಕರ ಸಂಘ ವಿರೋಧಿಸಿತು: ಏಕರೂಪದ ವ್ಯವಸ್ಥೆ ಎಂಬ ಮಾತು ಹೋದರೆ ಸರ್ಕಾರದ ದುಡ್ಡು ಖಾಸಗಿ ಶಾಲೆಗೆ ಹರಿಯುತ್ತದೆ ಎಂಬ ಭಯ. ಆ ಭಯ ಪೊಳ್ಳಲ್ಲ. ಪ್ರಸ್ತಾವವನ್ನು ಶಾಸನಸಭೆ ಮತದಾರರ ಮುಂದೆ ಕಳಿಸಿಲ್ಲ.

ನಮಗೆ ಇದು ಹೊಸದಲ್ಲ. ಪೇಜ್ ಚುನಾವಣೆಗಾಗಿ ದಾವೆ ಹೂಡಿದ ಅದೇ 1992ರಲ್ಲಿ ದೆಹಲಿಯ ಸುಪ್ರೀಂ ಕೋರ್ಟ್ ಮೋಹಿನಿ ಜೈನ್ ವರ್ಸಸ್ ಕರ್ನಾಟಕ ಪ್ರಕರಣದಲ್ಲಿ ತೀರ್ಪು ಕೊಟ್ಟಿತು. ತುಮಕೂರಿನ ಒಂದು ಮೆಡಿಕಲ್ ಕಾಲೇಜು, ಹೊರರಾಜ್ಯದವರಿಗೆ ವರ್ಷಕ್ಕೆ 60,000 ರೂಪಾಯಿ ಫೀಸು. ಕ್ಯಾಪಿಟೇಶನ್ ತಪ್ಪು, ಶಿಕ್ಷಣ ಮೂಲಭೂತ ಹಕ್ಕು ಎಂದಿತು ಕೋರ್ಟು. ಕ್ಯಾಪಿಟೇಶನ್ ಅಂದ ಕೂಡಲೇ ಹಿಂದಿನ ಸಾಲಿನಲ್ಲಿ ಯಾರೋ ಕೆಮ್ಮಿದಿರಿ, ಹೆಸರು ಹೇಳುವುದಿಲ್ಲ. ಮರುವರ್ಷ ದೊಡ್ಡ ಪೀಠ ಅದನ್ನು ಹದಿನಾಲ್ಕು ವರ್ಷದವರೆಗೆ ಅಂತ ಕಡಿಮೆ ಮಾಡಿತು, 2002ರಲ್ಲಿ ಸಂವಿಧಾನಕ್ಕೇ 21ಎ ವಿಧಿ ಬಂತು. ಹಕ್ಕು ಬರೆದರೆ ಎಲ್ಲ ಸರಿಹೋಗುತ್ತದೆಯೇ ಅಂತ ಕೇಳುವವರಿಗೆ ನಮ್ಮೂರ ಸರ್ಕಾರಿ ಶಾಲೆಗಳನ್ನು ತೋರಿಸಬಹುದು. ಹಕ್ಕು ಬರೆಯುವ ಮುಂಚೆ ಅದೇ ಶಾಲೆ ಹೇಗಿತ್ತು ಅಂತಲೂ ಕೇಳಬಹುದು. ಇದರ ಮೇಲೆ ಒಂದು ಗಂಟೆ ಮಾತಾಡಬೇಕಿತ್ತು.

ಆಟ ಬಿಟ್ಟವರ ಮಂಡಿ, ತಲೆಪೆಟ್ಟು, ಲೀಗು ಅದನ್ನು ಮುಚ್ಚಿಟ್ಟ ಇತಿಹಾಸ ಅಂತ ಇನ್ನೊಂದು ಹಾಳೆ ಇದೆ. ಬಿಟ್ಟೆ.

ಕೊನೆಗೆ ಒಂದು ಕೋರಿಕೆ, ಇದು ಕಾರ್ಯಕಾರಿ ಸಮಿತಿಗೆ. 1988ರಲ್ಲಿ ಪೇಜ್ ದಂಪತಿ ಶುರುಮಾಡಿದ ಪ್ರತಿಷ್ಠಾನ ಸಾವಿರಾರು ವಿದ್ಯಾರ್ಥಿಗಳಿಗೆ ಕಾಲೇಜಿಗೆ ಹಣ ಕೊಟ್ಟಿದೆ. ಹಣ ಪಡೆದವರು ವರ್ಷಕ್ಕೆ 50 ಗಂಟೆ ಚಿಕ್ಕ ಮಕ್ಕಳ ಜೊತೆ ಕೂತು ಓದಿಸಬೇಕು, ಅದು ಷರತ್ತು. ನಾವು ಇವತ್ತು ಈ ಮಕ್ಕಳಿಗೆ ಶಾಲು, ಹಾರ, ಒಂದು ಚೆಕ್ ಕೊಟ್ಟಿದ್ದೇವೆ. ಮುಂದಿನ ವರ್ಷದಿಂದ ನಮ್ಮ ಚೆಕ್ಕಿನ ಹಿಂದೆಯೂ ಅಂಥದೊಂದು ಷರತ್ತು ಇರಲಿ, ನಮ್ಮ ಮಕ್ಕಳ ಜೊತೆ ಮಾತ್ರ ಅಲ್ಲ, ಈ ಊರಿನ ಯಾವ ಶಾಲೆಯಾದರೂ ಸರಿ. ಈ ಸಲದ ಮಕ್ಕಳಿಂದ ಚೆಕ್ ವಾಪಸ್ ಕೇಳುತ್ತಿಲ್ಲ, ಹೆದರಬೇಡಿ. ಬರೆದುಕೊಂಡು ಬಂದಿದ್ದೇನೆ, ಮಹಾಸಭೆಯ ಪಟ್ಟಿಗೆ ಸೇರಿಸಿಕೊಳ್ಳಿ. ಖಜಾಂಚಿಯವರು ಆಗಲೇ ತಲೆ ಅಲ್ಲಾಡಿಸುತ್ತಿದ್ದಾರೆ, ಅದು ಹೌದೋ ಅಲ್ಲವೋ ಊಟಕ್ಕೆ ಕೂತಾಗ ಕೇಳಿಕೊಳ್ಳುತ್ತೇನೆ.

ನಮಸ್ಕಾರ.